ತಾಳಿ ಕಟ್ಟುವ ಹೊತ್ತಿಗೆ ಹೊಳೆ ಏರಿತು

ಶ್ರೀರಂಗಪಟ್ಟಣದ ಮುಖ್ತಾರ್ ಅಹಮದನಿಗೆ ಕಸುಬು ಒಂದು, ಹುಚ್ಚು ಇನ್ನೊಂದು. ಎರಡಕ್ಕೂ ಕ್ಯಾಮೆರಾ ಮಾತ್ರ ಒಂದೇ. ಕಸುಬು ಮದುವೆ ವಿಡಿಯೋ, ಹುಚ್ಚು ಕಾಡುಪ್ರಾಣಿಗಳ ಸಿನಿಮಾ. ಅನ್ಯರ ಜೀವನ ಹಿಡಿದು ಹೊಟ್ಟೆ ತುಂಬಿಸಿಕೊಳ್ಳುತ್ತಿದ್ದ, ವನ್ಯರ ಜೀವನ ಹಿಡಿದು ಕಣ್ಣು ತುಂಬಿಸಿಕೊಳ್ಳುತ್ತಿದ್ದ. ಹೆಸರಿಗೆ ತಕ್ಕ ಮನುಷ್ಯ ಎಂದು ಛತ್ರದ ಅಡುಗೆಯವರು ಅವನನ್ನು ರೇಗಿಸುವುದಿತ್ತು. ಮದುವೆಗೆ ಬಂದವರನ್ನೆಲ್ಲ 'ಸ್ವಲ್ಪ ಈ ಕಡೆ ಮುಖ ತಾರಣ್ಣ, ಮುಖ ತಾರಕ್ಕ' ಎಂದು ಬೇಡುವವನು ಮುಖ್ತಾರ್ ಆಗದೆ ಇನ್ನೇನಾದಾನು?

ಹದಿನೇಳನೇ ವಯಸ್ಸಿಗೆ ಅವನು ಪಾಂಡವಪುರದ ಒಂದು ಸ್ಟುಡಿಯೋದ ಕತ್ತಲೆಕೋಣೆ ಸೇರಿದ್ದ. ಪಾಸ್‌ಪೋರ್ಟ್ ಸೈಜಿನ ಮುಖಗಳನ್ನು ತೊಳೆದು, ಕ್ಲಿಪ್ಪಿಗೆ ಸಿಕ್ಕಿಸಿ ಒಣಹಾಕುತ್ತ ಹತ್ತು ವರ್ಷ ಕಳೆದ. ತೊಂಬತ್ತೊಂದರಲ್ಲಿ ಮೈಸೂರಿನ ಯಾರಿಂದಲೋ ಕೈ ಬದಲಾದ ವಿಎಚ್‌ಎಸ್ ಕ್ಯಾಮೆರಾ ಒಂದನ್ನು ತಂದ. ಭುಜದ ಮೇಲೆ ಇಟ್ಟುಕೊಂಡರೆ ಆಗತಾನೆ ಹುಟ್ಟಿದ ಕರುವನ್ನು ಹೊತ್ತಂತೆ ಕಾಣುವ ಯಂತ್ರ. ಅವನ ಹೆಂಡತಿ ಖುರ್ಷಿದ್ ಬೇಗಂ ಅದಕ್ಕೆ ಹಳೆಯ ಶಾಲಿನಲ್ಲಿ ಒಂದು ಅಂಗಿ ಹೊಲಿದುಕೊಟ್ಟಳು.

ಮದುವೆ ಮನೆಯಲ್ಲಿ ಕ್ಯಾಮೆರಾದವನಿಗೆ ಮುಕ್ಕಾಲು ಪಾಲು ಕೆಲಸವೆಂದರೆ ಕಾಯುವುದು. ಕೆ.ಆರ್.ಎಸ್.ನ ಒಂದು ಛತ್ರದಲ್ಲಿ ಗಂಡಿನ ಕಡೆಯವರ ಬಸ್ಸಿಗಾಗಿ ಕಾಯುತ್ತಿದ್ದಾಗ, ಕಾಂಪೌಂಡಿನ ಮೇಲೆ ಮುಂಗುಸಿಯೊಂದು ಎರಡು ಮರಿಗಳನ್ನು ಹಿಂದಿಟ್ಟುಕೊಂಡು ದಿಬ್ಬಣ ಹೊರಟಿದ್ದು ಕಂಡಿತು. ಸುಮ್ಮನೆ ಗುಂಡಿ ಒತ್ತಿದ. ಸಂಜೆ ಮನೆಯಲ್ಲಿ ಅದನ್ನು ಹಾಕಿ ನೋಡಿದಾಗ ಅವನಿಗೆ ಒಂದು ಸಂಗತಿ ಹೊಳೆಯಿತು. ಇಡೀ ದಿನದ ಕ್ಯಾಸೆಟ್ಟಿನಲ್ಲಿ ಕ್ಯಾಮೆರಾ ನೋಡಿ ಹಲ್ಲು ಬಿಡದೆ ಇದ್ದ ಜೀವಗಳು ಆ ಮೂರೇ.

ಅಲ್ಲಿಂದ ಶುರು. ಲಗ್ನವಿಲ್ಲದ ದಿನ ಅವನು ಮನೆಯಲ್ಲಿ ಇರುತ್ತಿರಲಿಲ್ಲ. ಮೇಲುಕೋಟೆಯ ಗುಡ್ಡದಲ್ಲಿ ತೋಳ ಇದೆಯೆಂದು ಆರು ಭಾನುವಾರ ಕೂತ; ಆರನೆಯ ಭಾನುವಾರ ಸಿಕ್ಕಿದ್ದು ಕುರಿ ಕಾಯುವ ನಾಯಿ, ಅದೂ ಬಾಲ ಅಲ್ಲಾಡಿಸುತ್ತ ಬಂದು ಲೆನ್ಸು ನೆಕ್ಕಿತು. ನಾಗಮಂಗಲದ ಕಡೆ ನವಿಲಿಗೆ ಹೋದ. ನವಿಲು ಕುಣಿಯಿತು, ಬ್ಯಾಟರಿ ಕುಣಿಯಲಿಲ್ಲ.

ಹುಚ್ಚು ಕಸುಬಿನ ಮೇಲೆ ಬಿದ್ದದ್ದು ಸಂತೆಬಾಚಹಳ್ಳಿಯ ಮದುವೆಯಲ್ಲಿ. ಚಪ್ಪರದ ಪಕ್ಕದ ಹುಣಸೆಮರದ ಪೊಟರೆಯಿಂದ ಎರಡು ಗೂಬೆಮರಿ ಮುಖ ಹೊರಹಾಕಿದ್ದವು. ಮುಖ ತಾ ಎನ್ನದೆಯೇ ಮುಖ ತಂದ ಗಿರಾಕಿಗಳನ್ನು ಬಿಡುವುದುಂಟೆ? ಮುಖ್ತಾರ್ ನಾಲ್ಕು ನಿಮಿಷ ಹಿಡಿದ. ಆಮೇಲೆ ಅದನ್ನು ಕತ್ತರಿಸಲು ಮರೆತ. ಹದಿನೈದು ದಿನದ ಮೇಲೆ ಹೆಣ್ಣಿನ ಮನೆಯಲ್ಲಿ ನೆಂಟರಿಷ್ಟರೆಲ್ಲ ಕೂತು ಕ್ಯಾಸೆಟ್ ಹಾಕಿದರು. ಧಾರೆ ಮುಗಿಯಿತು. ದೃಶ್ಯ ಬದಲಾಗಲೆಂದು ಪರದೆಯ ಮೇಲೆ ತಾವರೆ ಅರಳಿತು, ತಾವರೆಯೊಳಗಿಂದ ಗೂಬೆ ಬಂತು.

"ಅಯ್ಯೋ, ನಮ್ಮಣ್ಣ ಮುಯ್ಯಿ ಆಕಿದ್ದೆಲ್ಲಿ? ಇದ್ಯಾವ ನೆಂಟ್ರು?" ಎಂದು ಹುಡುಗಿಯ ತಾಯಿ ಚೀರಿದಳಂತೆ.

ಮದುವೆ ಕ್ಯಾಸೆಟ್ಟಿನಲ್ಲಿ ಗೂಬೆ ಕೂರಿಸಿದವನನ್ನು ಯಾರು ಕರೆಯುತ್ತಾರೆ? ಕೆ.ಆರ್. ಪೇಟೆಯ ಕಡೆ ಅವನ ಹೆಸರೇ ಗೂಬೆ ವಿಡಿಯೋ ಆಯಿತು. ಎರಡು ವರ್ಷ ನಾಮಕರಣ, ಗೃಹಪ್ರವೇಶ, ಶಾಲಾ ವಾರ್ಷಿಕೋತ್ಸವದಲ್ಲೇ ದಿನ ತಳ್ಳಿದ.

ಆ ಎರಡು ವರ್ಷದಲ್ಲಿ ಅವನಿಗೆ ನೀರುನಾಯಿ ಸಿಕ್ಕವು. ಪಟ್ಟಣದ ಕೆಳಗೆ ಕಾವೇರಿ ಬಂಡೆಗಳ ನಡುವೆ ನಾಲ್ಕಾರು ಸೀಳಾಗಿ ಹರಿಯುವಲ್ಲಿ ಒಂದು ಸಂಸಾರವೇ ಇತ್ತು. ಮರಳಿನ ಮೇಲೆ ಹೊರಳುವುದು, ಮೀನು ಎರಡೂ ಕೈಯಲ್ಲಿ ಹಿಡಿದು ತಲೆಯಿಂದ ತಿನ್ನುವುದು, ಸಿಳ್ಳೆ ಹಾಕಿ ಒಂದನ್ನೊಂದು ಕರೆಯುವುದು ಎಲ್ಲವನ್ನೂ ಮುಖ್ತಾರ್ ಹಿಡಿದ. ಬೆಂಗಳೂರಿನಲ್ಲಿ ಟಿ.ವಿ.ಗೆ ಪರಿಸರದ ಕಾರ್ಯಕ್ರಮ ಮಾಡುತ್ತಿದ್ದ ಶ್ವೇತ ಎಂಬ ಮೇಡಂಗೆ ಕಳಿಸಿದ. ಉತ್ತರ ಬಂತು: 'ಚಿತ್ರ ಸ್ವಲ್ಪ ಮಸುಕು, ಪರವಾಗಿಲ್ಲ. ಆದರೆ ತಾಯಿ ಮರಿಗಳ ಜೊತೆ ಇರುವ ಒಂದೇ ಒಂದು ದೃಶ್ಯವಾದರೂ ಬೇಕು. ಮಾರ್ಚ್ ಒಂದರೊಳಗೆ ಕಳಿಸಿದರೆ ಹನ್ನೆರಡು ನಿಮಿಷದ ಕಂತು ನಿಮ್ಮ ಹೆಸರಿನಲ್ಲೇ ಪ್ರಸಾರ ಮಾಡುತ್ತೇವೆ.'

'ನಿಮ್ಮ ಹೆಸರಿನಲ್ಲೇ' ಎಂಬ ಎರಡು ಮಾತನ್ನು ಅವನು ಖುರ್ಷಿದ್‌ಗೆ ಮೂರು ಸಲ ಓದಿ ಹೇಳಿದ. ಗೂಬೆ ವಿಡಿಯೋ ಎಂದವರೆಲ್ಲ ಅದೇ ಟಿ.ವಿ.ಯ ಮುಂದೆ ಕೂರಬೇಕಲ್ಲ!

ಮರಿ ಎಲ್ಲಿವೆಯೆಂದು ತೋರಿಸಿದವನು ಮೀನು ಹಿಡಿಯುವ ದ್ಯಾವಯ್ಯ. ಐವತ್ತು ದಾಟಿದ ಆಸಾಮಿ. ನೀರುನಾಯಿಯ ಹೆಸರೆತ್ತಿದರೆ ಉಗಿಯುವನು.

"ನಾಯಿ ಅನ್ಬ್ಯಾಡಿ ಸಾಬ್ರೇ, ನಾಯಿಗೆ ನೀಯತ್ತದೆ. ಇವು ಕಳ್ರು. ಮೀನು ತಿನ್ಲಿ, ಬ್ಯಾಡ ಅನ್ನಕ್ಕಿಲ್ಲ. ಬಲೆ ಯಾಕ್ ಅರೀಬೇಕು? ಊಟ ಮಾಡ್ಬುಟ್ಟು ಎಲೆ ಅರ್ದಾಕೋ ಪೈಕಿ!"

"ಅಂಗಾರೆ ಯಾಕೆ ತೋರಿಸ್ತಿದ್ದೀಯ ದ್ಯಾವಣ್ಣ?"

"ಟಿ.ವಿ.ಲಿ ಬಂದ್ರೆ ಎಲ್ರೂ ನೋಡ್ಲಿ, ಯಾವ್ದು ಕಳ್ಳ ಅಂತ ಗೊತ್ತಾಗ್ಲಿ."

ಹೊಳೆಯ ನಡುವಿನ ದಿಬ್ಬದಲ್ಲಿ ಒಂದು ಹೊಳೆಮತ್ತಿ ಮರ. ಅದರ ಬೇರಿನಡಿಯ ಬಿಲದಲ್ಲಿ ತಾಯಿ ಮರಿ ಹಾಕಿತ್ತು. ಎದುರು ದಡದಲ್ಲಿ ಜೊಂಡಿನ ಮೇಲೆ ದ್ಯಾವಯ್ಯನ ಹರಿದ ಬಲೆ ಹೊದಿಸಿ ಮುಖ್ತಾರ್ ಹತ್ತೊಂಬತ್ತು ಬೆಳಿಗ್ಗೆ ಕೂತ. ತಾಯಿ ಒಳಗೆ ಹೋಗುವುದು, ಹೊರಗೆ ಬರುವುದು. ಒಳಗಿಂದ ಚೂಯ್ ಚೂಯ್ ಎಂಬ ದನಿ. ಮರಿಗಳು ಮಾತ್ರ ಗೋಷಾದಲ್ಲಿದ್ದವು.

ಅದೇ ಹೊತ್ತಿಗೆ ಅವನಿಗೆ ಮದುವೆಯೊಂದು ಬಂತು, ಎರಡು ವರ್ಷದ ಮೇಲೆ ಮೊದಲನೆಯದು. ಪಾಂಡವಪುರದ ಹತ್ತಿರದ ಹಳ್ಳಿಯ ಶಿವಣ್ಣ ತನ್ನ ಮಗಳು ಪವಿತ್ರಳ ಮದುವೆಗೆ ಕರೆದ. "ಗೂಬೆ ಕತೆ ನಂಗೂ ಗೊತ್ತು ಕಣ್ ಸಾಬ್ರೇ. ಆದ್ರೆ ನೀವು ತೆಗ್ದ್ರೆ ಎದ್ರಿಗೇ ನಿಂತಂಗೆ ಇರ್ತದೆ ಅಂತಾರೆ. ನಮ್ಮವ್ವನಿಗೋಸ್ಕರ."

ಶಿವಣ್ಣನ ತಾಯಿ ಮಾಯಮ್ಮ ಕೊಟ್ಟಿಗೆಯಲ್ಲಿ ಜಾರಿ ಸೊಂಟ ಮುರಿದುಕೊಂಡು ನಾಲ್ಕು ತಿಂಗಳಿಂದ ಮಂಚದ ಮೇಲಿದ್ದಳು. ಮೊಮ್ಮಗಳನ್ನು ಸಾಕಿದವಳು ಅವಳೇ, ಛತ್ರಕ್ಕೆ ಬರುವಂತಿರಲಿಲ್ಲ. ಮುಖ್ತಾರನ ಮುಂಗೈ ಹಿಡಿದುಕೊಂಡು ಹೇಳಿದಳು: "ಅವರಿವರ ಮೊಖ ನಂಗೆ ಬ್ಯಾಡ ಕಣಪ್ಪ, ಎಲ್ಲಾ ಕಂಡಿರೋ ಮೊಖಗಳೇಯ. ತಾಳಿ ಕಟ್ಟೋದ್ನ ಮಾತ್ರ ಬುಡಬ್ಯಾಡ. ಮೂರು ಗಂಟೂ ಕಾಣ್ಬೇಕು."

"ಕಾಣಿಸ್ತೀನಿ ಅಜ್ಜಿ," ಎಂದ ಮುಖ್ತಾರ್.

ಮದುವೆಯ ಹಿಂದಿನ ದಿನ ಮಧ್ಯಾಹ್ನ ದಡದುದ್ದಕ್ಕೂ ತಮಟೆ ಹೊಡೆದುಕೊಂಡು ಬಂದರು. ನಾಳೆ ಕೆ.ಆರ್.ಎಸ್. ಕಟ್ಟೆಯಿಂದ ಹೊಳೆಗೆ ನೀರು ಬಿಡುತ್ತಾರೆ, ದನಕರು ಇಳಿಸಬೇಡಿ, ಬಟ್ಟೆ ಒಗೆಯುವವರು ಎಚ್ಚರ. ತಮಟೆಯ ಹಿಂದೆಯೇ ದ್ಯಾವಯ್ಯ ಓಡಿಬಂದ.

"ಸಾಬ್ರೇ, ನಿಮ್ ಅದೃಷ್ಟ ಕುದುರ್ತು! ನೀರು ಬೇರಿಗೆ ಮುಟ್ತದೆ. ಬಿಲದೊಳಕ್ಕೆ ನೀರು ನುಗ್ಗುದ್ರೆ ಅವ್ಳು ಮರಿಗಳ ಕಚ್ಕಂಡು ಈಚೆಗೆ ಬರ್ಲೇಬೇಕು. ಆ ಕಡೆ ದೊಡ್ಡ ಬಂಡೆಗೆ ಸಾಗಿಸ್ತಾಳೆ, ಬರ್ಕೊಡ್ತೀನಿ."

"ಎಷ್ಟು ಹೊತ್ತಿಗಣ್ಣ?"

"ಒಂಬತ್ತೂವರೆ ಆಸುಪಾಸು."

ಮುಖ್ತಾರ್ ಜೇಬಿನಿಂದ ಶಿವಣ್ಣನ ಲಗ್ನಪತ್ರಿಕೆ ತೆಗೆದ. ಮುಹೂರ್ತ ಒಂಬತ್ತು ಹತ್ತರಿಂದ ಒಂಬತ್ತು ಐವತ್ತು. ಛತ್ರ ಅದೇ ಹೊಳೆಯ ದಂಡೆಯಲ್ಲಿ, ಹೊಳೆಮತ್ತಿ ಮರಕ್ಕೆ ಅರ್ಧ ಮೈಲಿ ಮೇಲೆ.

ಸಂಜೆಯವರೆಗೆ ಸೈಕಲ್ಲಿನಲ್ಲಿ ತಿರುಗಿ ಇನ್ನೊಂದು ಕ್ಯಾಮೆರಾಕ್ಕಾಗಿ ಕೇಳಿದ. ದೊಡ್ಡ ಲಗ್ನದ ದಿನ. ಮಂಡ್ಯದವರೆಗೆ ಯಾವ ಛತ್ರವೂ ಖಾಲಿ ಇಲ್ಲ, ಯಾವ ಕ್ಯಾಮೆರಾವೂ ಖಾಲಿ ಇಲ್ಲ. ಮನೆಗೆ ಬಂದು ಗೋಡೆಗೆ ಒರಗಿ ಕೂತ. ಅವನ ಮನೆಮಾತು ಉರ್ದು. ಬೇಸರವಾದಾಗ ಗಂಡ ಹೆಂಡತಿ ಇಬ್ಬರೂ ಕನ್ನಡಕ್ಕೆ ಜಾರುತ್ತಿದ್ದರು, ಬೇಸರ ಹೊರಗಿನದೇನೋ ಎಂಬಂತೆ.

"ಏನ್ರೀ ಅಷ್ಟು ಕಷ್ಟ?" ಎಂದಳು ಖುರ್ಷಿದ್. "ಮದ್ವೇಲಿ ನೀವು ಎಲ್ಲಾದ್ಕೂ 'ಇನ್ನೊಂದ್ಸಲ' ಅಂತೀರಲ್ಲ. ಹಾರ ಇನ್ನೊಂದ್ಸಲ, ಮುಯ್ಯಿ ಇನ್ನೊಂದ್ಸಲ. ಅಳೋ ಅಮ್ಮನ್ನೂ ಇನ್ನೊಂದ್ಸಲ ಅಳಿಸ್ತೀರಿ. ನೀರುನಾಯೀನ ಹಿಡ್ಕೊಂಡು ಬನ್ನಿ, ತಾಳೀನೂ ಇನ್ನೊಂದ್ಸಲ ಕಟ್ಟಿಸಿ."

"ಯಾ ಅಲ್ಲಾ, ತಾಳಿ ಒಂದನ್ನ ಹಾಗನ್ನೋಕಾಗಲ್ಲ ಕಣೇ. ಕಟ್ಟಿದ್ದನ್ನ ಬಿಚ್ಚು ಅಂದ್ರೆ ಕ್ಯಾಮೆರಾನೂ ಉಳಿಯಲ್ಲ, ನಾನೂ ಉಳಿಯಲ್ಲ."

"ಅಂದ್ರೆ ತಾಳಿ ಒಂದ್ಸಲ."

"ಹೂಂ."

"ನೀರುನಾಯಿ?"

"ಅದೂ ಒಂದ್ಸಲ."

ಖುರ್ಷಿದ್ ಚಹಾ ತಂದಿಟ್ಟಳು. ಕ್ಯಾಮೆರಾದ ಅಂಗಿಯ ಬಿಟ್ಟುಹೋದ ಗುಂಡಿಯೊಂದನ್ನು ಹೊಲಿಯುತ್ತ ಕೂತಳು. ಅವಳಿಗೆ ತನ್ನ ಗಂಡ ಬೆಳಿಗ್ಗೆ ಯಾವ ಕಡೆ ಸೈಕಲ್ ತಿರುಗಿಸುತ್ತಾನೆಂದು ಗೊತ್ತಿರಲಿಲ್ಲ. ಅವನಿಗೂ ಗೊತ್ತಿರಲಿಲ್ಲ.

ಬೆಳಿಗ್ಗೆ ಸೈಕಲ್ಲು ಛತ್ರದ ಕಡೆ ತಿರುಗಿತು. ಆದರೆ ಮುಖ್ತಾರ್ ಒಂದು ಲೆಕ್ಕಾಚಾರ ಮಾಡಿಕೊಂಡಿದ್ದ. ಒಂಬತ್ತು ಹತ್ತಕ್ಕೇ ತಾಳಿ ಬಿದ್ದರೆ ಒಂಬತ್ತೂ ಕಾಲಿಗೆ ಹೊರಟು, ಒಂಬತ್ತೂ ಇಪ್ಪತ್ತೈದಕ್ಕೆ ಜೊಂಡಿನ ಹಿಂದೆ ಕೂರಬಹುದು. ಹೋಗಿ ಪುರೋಹಿತರ ಪಕ್ಕ ನಿಂತ.

"ಸ್ವಾಮಿ, ಮುಹೂರ್ತದಲ್ಲಿ ಮೊದಲನೇ ನಿಮಿಷವೇ ಶ್ರೇಷ್ಠ ಅಲ್ವಾ?"

ಪುರೋಹಿತರು ಕನ್ನಡಕದ ಮೇಲಿಂದ ನೋಡಿದರು. "ಮುಹೂರ್ತ ಪೂರ್ತಿ ಶ್ರೇಷ್ಠ ಸಾಹೇಬ್ರೇ. ಇವತ್ತು ನೀವು ಪಂಚಾಂಗ ನೋಡಿ, ನಾನು ಕ್ಯಾಮೆರಾ ಹಿಡೀತೀನಿ."

ಒಂಬತ್ತಕ್ಕೆ ಎಲ್ಲವೂ ಸಿದ್ಧವಾಗಿತ್ತು, ಹುಡುಗಿಯ ಸೋದರಮಾವನೊಬ್ಬನನ್ನು ಬಿಟ್ಟು. ಸೋದರಮಾವ ಕೈಹಿಡಿದು ಕರೆತರದೆ ಹೆಣ್ಣು ಮಂಟಪಕ್ಕೆ ಬರುವಂತಿಲ್ಲ. ನಾಗಮಂಗಲದಿಂದ ಹಿಂದಿನ ದಿನವೇ ಬಂದಿದ್ದ ಚಿಕ್ಕಸ್ವಾಮಿ ಬೆಳಿಗ್ಗೆ ಕ್ಷೌರಕ್ಕೆಂದು ಪೇಟೆಗೆ ಹೋದವನು ತಿರುಗಿ ಬಂದಿರಲಿಲ್ಲ. ದೊಡ್ಡ ಲಗ್ನದ ದಿನ ಊರಿನ ಎಲ್ಲ ಮದುವೆಗಳ ಗಡ್ಡಗಳೂ ಅದೇ ಅಂಗಡಿಯಲ್ಲಿ ಸಾಲು ಹಿಡಿದಿದ್ದವು.

ಮಂಟಪದ ಹಿಂದಿನ ಕಿಟಕಿಯಿಂದ ಛತ್ರದಿಂದ ಹೊಳೆಗಿಳಿಯುವ ಸೋಪಾನ ಕಾಣುತ್ತಿತ್ತು. ಒಂಬತ್ತಕ್ಕೆ ಮುಖ್ತಾರ್ ನೋಡಿದಾಗ ನೀರಿನಿಂದ ಮೇಲೆ ಏಳು ಮೆಟ್ಟಿಲು. ಒಂಬತ್ತು ಹತ್ತಕ್ಕೆ ಆರು. ನೀರಿನ ಬಣ್ಣ ಟೀಗೆ ಹಾಲು ಬಿದ್ದಂತೆ ತಿರುಗಿತ್ತು. ಒಂಬತ್ತೂ ಕಾಲಿಗೆ ಐದು.

"ಚಿಕ್ಸಾಮಿ ಎಲ್ಲೋಗಿ ಸತ್ನ್ಲಾ!" ಎಂದು ಶಿವಣ್ಣ ಬಾಗಿಲಲ್ಲಿ ಕೂಗುತ್ತಿದ್ದ. ಮುಖ್ತಾರ್ ಕ್ಯಾಮೆರಾ ಭುಜಕ್ಕೆ ಏರಿಸಿದ, ಇಳಿಸಿದ. ಈಗ ಹಿಂಬಾಗಿಲಿನಿಂದ ಹೊರಟರೆ ಯಾರೂ ನೋಡುವುದಿಲ್ಲ. ತಿರುಗಿ ಬರುವಷ್ಟರಲ್ಲಿ ಚಿಕ್ಕಸ್ವಾಮಿ ಬಾರದೆಯೂ ಇರಬಹುದು. ಎರಡು ಹೆಜ್ಜೆ ಇಟ್ಟೂ ಇಟ್ಟ. ಆಮೇಲೆ ಮುಂಗೈ ನೋಡಿಕೊಂಡ. ಮಾಯಮ್ಮ ಹಿಡಿದ ಜಾಗದಲ್ಲಿ ಗುರುತೇನೂ ಉಳಿದಿರಲಿಲ್ಲ, ಆದರೂ ಅಲ್ಲಿ ಬಿಗಿ ಹಾಗೇ ಇತ್ತು. ವಾಪಸು ಬಂದು ಮಂಟಪದ ಮುಂದೆ ಮಂಡಿಯೂರಿದ.

ಒಂಬತ್ತೂ ಮೂವತ್ತೇಳಕ್ಕೆ ಚಿಕ್ಕಸ್ವಾಮಿ ಓಡಿಬಂದ. ಎಡಗೆನ್ನೆ ನುಣುಪು, ಬಲಗೆನ್ನೆಯ ಮೇಲೆ ಸೋಪಿನ ನೊರೆ.

"ಅರ್ಧಕ್ಕೇ ಎದ್ ಬಂದ್ಬುಟ್ಟೆ ಕಣ್ ಭಾವ!"

"ಎಡಗಡೆಯಿಂದ ಹಿಡೀರಿ ಸಾಬ್ರೇ!" ಎಂದು ಹೆಂಗಸರ ಗುಂಪಿನಿಂದ ಯಾರೋ ಕೂಗಿದರು.

ಒಂಬತ್ತು ನಲವತ್ತನಾಲ್ಕಕ್ಕೆ ಗಟ್ಟಿಮೇಳ. ನಾಗಸ್ವರ, ಡೋಲು, ಅಕ್ಷತೆಯ ಮಳೆ. ಎಲ್ಲರ ಕೈ ಮೇಲೆದ್ದಾಗ ತಾಳಿ ಮರೆಯಾಗುವುದು ಕ್ಯಾಮೆರಾದವರ ಹಳೆಯ ಶಾಪ. ಮುಖ್ತಾರ್ ಮೊಣಕೈ ಮೇಲೆ ತೆವಳಿ, ಪುರೋಹಿತರ ಪಂಚೆಯ ಪಕ್ಕದಿಂದ ಲೆನ್ಸು ತೂರಿಸಿ, ಜೊಂಡಿನೊಳಗೆ ಕೂತಂತೆ ಉಸಿರು ಬಿಗಿಹಿಡಿದ. ಒಂದು ಗಂಟು. ಎರಡು. ಹುಡುಗನ ಬೆರಳಿನಿಂದ ದಾರ ಜಾರಿತು. ಪವಿತ್ರ ತಲೆ ಬಗ್ಗಿಸಿಕೊಂಡೇ ಸಣ್ಣಗೆ ನಕ್ಕಳು. ಮೂರು. ಮಾಯಮ್ಮ ಕೇಳಿದ್ದಕ್ಕಿಂತ ಒಂದು ನಗು ಹೆಚ್ಚೇ ಸಿಕ್ಕಿತು.

ಸಿಕ್ಕಿದ್ದೇ ಎದ್ದು ಓಡಿದ. ದೀಪದ ವೈರು ಕಾಲಿಗೆ ಸಿಕ್ಕಿ ಒಂದು ಬಾಳೆಕಂಬ ವಾಲಿತು.

"ಸಾಬ್ರೇ, ಮುಯ್ಯಿ!" ಎಂದು ಶಿವಣ್ಣ ಕೂಗಿದ.

"ಇನ್ನೊಂದ್ಸಲ ಹಾಕಿಸ್ತೀನಿ ಅಣ್ಣಾ!"

ಹೊಳೆಮತ್ತಿಯ ಬೇರುಗಳು ನೀರಿನೊಳಗಿದ್ದವು. ಬಿಲವಿದ್ದ ಜಾಗದಲ್ಲಿ ಸುಳಿ ಸುತ್ತುತ್ತಿತ್ತು. ದ್ಯಾವಯ್ಯ ಸೊಂಟದ ಮಟ್ಟದ ನೀರಿನಲ್ಲಿ ತನ್ನ ತೆಪ್ಪದ ಅಂಚು ಹಿಡಿದು ನಿಂತಿದ್ದ. ಮುಖ್ತಾರನನ್ನು ಕಂಡು ತಲೆ ಅಲ್ಲಾಡಿಸಿದ.

"ಓದ್ವು ಸಾಬ್ರೇ. ಮೂರೂ ಓದ್ವು. ಈಗ ತಾನೆ."

"ಮುಳುಗಿ ಹೋದ್ವಾ?"

"ಥೂ, ಬಿಡ್ತು ಅನ್ನಿ! ಬಂಡೆ ಮ್ಯಾಕೆ ಓದ್ವು. ಎಂಗೆ ಅಂತೀರಾ? ನೋಡಿ ಇಲ್ಲಿ."

ಮುಖ್ತಾರ್ ಯೋಚಿಸದೆ ಗುಂಡಿ ಒತ್ತಿದ. ಕ್ಯಾಮೆರಾದೊಳಗೆ ಇದ್ದದ್ದು ಮದುವೆಯ ಕ್ಯಾಸೆಟ್ಟೇ.

ದ್ಯಾವಯ್ಯ ತಲೆಯ ಟವೆಲು ಬಿಚ್ಚಿ, ಉಂಡೆ ಮಾಡಿ, ಒಂದು ತುದಿಯನ್ನು ಹಲ್ಲಿನಲ್ಲಿ ಕಚ್ಚಿದ. ಕತ್ತು ಮೇಲಕ್ಕೆತ್ತಿ, ಕಣ್ಣು ಅಗಲ ಮಾಡಿ, ನೀರು ತಳ್ಳುತ್ತ ಹೊರಟ. ನಡುವೆ ನಿಂತು ಹಿಂದೆ ನೋಡಿದ. ಹಿಂದೆ ಉಳಿದ ಎರಡಕ್ಕೆ ಏನೋ ಹೇಳುವವನಂತೆ ಹಲ್ಲಿನ ಸಂದಿನಿಂದಲೇ ಸಿಳ್ಳೆ ಹಾಕಿದ. ಟವೆಲನ್ನು ಬಂಡೆಯ ಮೇಲೆ ಇಟ್ಟು, ಮೂಗಿನಿಂದ ಎರಡು ಸಲ ತಳ್ಳಿ, ತಿರುಗಿ ಬಂದ. ಮತ್ತೆ ಕಚ್ಚಿದ. ಮೂರನೆಯ ಸಲ ಹೊರಟವನು ನಡುನೀರಿನಲ್ಲಿ ಬಾಯಿ ಬಿಟ್ಟುಬಿಟ್ಟ. ಟವೆಲು ಜಾರಿತು.

"ಇಲ್ಲಿ ಜಾರ್ತು ಸಾಬ್ರೇ. ಕೊನೇದು, ಚಿಕ್ದು. ಅವ್ಳು ಮುಳುಗಿದ್ಲು. ಎರಡು ಉಸ್ರು ಒತ್ತು ಕಾಣ್ನೇ ಇಲ್ಲ. 'ಎಲ್ಲೋದ್ಯೇ ಕಳ್ಮುಂಡೆ, ಬಾರೇ ಮ್ಯಾಕೆ' ಅಂತ ಕೂಕ್ಕಂಡೆ. ಸೆಳವು ಜಾಸ್ತಿ ಇತ್ತು, ಅದುಕ್ಕೆ ತೆಪ್ಪ ತಂದು ಅಡ್ಡ ಇಟ್ಕಂಡೆ. ತೆಪ್ಪದ ಮರೇಲಿ ಎದ್ಲು ನೋಡಿ, ಬಾಯಲ್ಲಿ ಮರಿ. ನನ್ನ ಮೊಖ ನೋಡುದ್ಲು. ಓದ್ಲು."

ದ್ಯಾವಯ್ಯ ತೇಲಿಹೋಗುತ್ತಿದ್ದ ಟವೆಲು ಹಿಡಿದು ಹಿಂಡಿದ. ಆಮೇಲೆ ಗಾಬರಿಯಾದ.

"ತೆಪ್ಪ ಅಡ್ಡ ಇಟ್ಟಿದ್ದು ಯಾರ್ಗೂ ಏಳ್ಬ್ಯಾಡಿ. ಮೀನು ಇಡಿಯೋರ ಮುಂದೆ ನನ್ ಮರ್ವಾದೆ ಓಯ್ತದೆ."

"ಹೇಳಲ್ಲ ಅಣ್ಣ," ಎಂದ ಮುಖ್ತಾರ್. ಕ್ಯಾಮೆರಾದ ಕೆಂಪು ದೀಪ ಉರಿಯುತ್ತಲೇ ಇತ್ತು.

"ಸರಿಯಾಗಿ ಬಂತಾ? ಇನ್ನೊಂದ್ಸಲ ಮಾಡ್ಲಾ?"

ಬದುಕಿನಲ್ಲಿ ಮೊದಲ ಬಾರಿಗೆ ಮುಖ್ತಾರ್ ಬೇಡವೆಂದ. ಬಂಡೆಯ ಕಡೆ ನೋಡಿದ. ಅಲ್ಲಿ ಒದ್ದೆಯ ಗುರುತು ಮಾತ್ರ ಇತ್ತು. ಬಿಸಿಲಿಗೆ ಅದೂ ಅಂಚಿನಿಂದ ಆರುತ್ತ ಬಂತು.

ಛತ್ರಕ್ಕೆ ಹಿಂದಿರುಗಿ ಮುಯ್ಯಿಯನ್ನೆಲ್ಲ ಇನ್ನೊಂದ್ಸಲ ಹಾಕಿಸಿದ. ಸಂಜೆ ಖುರ್ಷಿದ್ "ಸಿಕ್ತಾ?" ಎಂದಳು. "ತಾಳಿ ಸಿಕ್ತು," ಎಂದ. ಮೇಡಂಗೆ ಬರೆಯಬೇಕೆಂದು ಕಾರ್ಡು ತಂದಿಟ್ಟ, ಬರೆಯಲಿಲ್ಲ. ಮರುದಿನ ಎರಡು ವಿ.ಸಿ.ಆರ್. ಜೋಡಿಸಿ, ಮದುವೆಗೆ ತಾವರೆ, ಹೃದಯ ಎಲ್ಲ ಸೇರಿಸಿ ಶಿವಣ್ಣನಿಗೆ ಪ್ರತಿ ತೆಗೆದ. ತಾಳಿ ಮುಗಿಯುವಲ್ಲಿಗೆ ಕೊನೆಯ ತಾವರೆ ಇಟ್ಟು, ಉಳಿದದ್ದು ತಾನೇ ಓಡಲೆಂದು ಬಿಟ್ಟು ಒಂದು ನಾಮಕರಣಕ್ಕೆ ಹೋದ. ಮನಸ್ಸು ಬೇರೆಲ್ಲೋ ಇದ್ದವನಿಗೆ ಕ್ಯಾಸೆಟ್ಟಿನಲ್ಲಿ ಇನ್ನೇನಿದೆ ಎಂಬ ನೆನಪು ಹೇಗೆ ಬರಬೇಕು?

ನೆನಪು ಬಂದದ್ದು ಶಿವಣ್ಣನ ಮನೆಯಲ್ಲಿ. ಕ್ಯಾಸೆಟ್ಟು ಕೊಟ್ಟವನನ್ನು ಊಟ ಮಾಡಿಕೊಂಡೇ ಹೋಗಬೇಕೆಂದು ಕೂರಿಸಿದ್ದರು. ಮಾಯಮ್ಮನ ಮಂಚ ಪಡಸಾಲೆಗೆ ಬಂದಿತ್ತು. ತಾಳಿಯ ಹೊತ್ತು ಬಂತು. ಒಂದು, ಎರಡು, ನಗು, ಮೂರು. ಮಾಯಮ್ಮ ಬೆರಳಲ್ಲಿ ಎಣಿಸಿ, ಸೆರಗಿನಲ್ಲಿ ಕಣ್ಣೊತ್ತಿಕೊಂಡಳು. "ಸಾಕು. ನನ್ ಕೂಸು ನಗ್ತಲ್ಲ."

ಪರದೆಯ ಮೇಲೆ ತಾವರೆ ಅರಳಿತು. ತಾವರೆಯೊಳಗಿಂದ, ಬಾಯಲ್ಲಿ ಟವೆಲು ಕಚ್ಚಿಕೊಂಡು ದ್ಯಾವಯ್ಯ ಬಂದ.

ಮುಖ್ತಾರನ ಕೈಯ ಮುದ್ದೆ ತುತ್ತು ತಟ್ಟೆಗೆ ಬಿತ್ತು. ಶಿವಣ್ಣ ಅವನ ಕಡೆ ನಿಧಾನವಾಗಿ ತಿರುಗಿದ. "ಏನ್ ಸಾಬ್ರೇ ಇದು? ಆವತ್ತು ಗೂಬೆ, ಇವತ್ತು..."

"ನಿಲ್ಸ್ಬ್ಯಾಡ ಕಣ್ಲಾ!" ಎಂದಳು ಮಾಯಮ್ಮ.

ಎಲ್ಲರೂ ನೋಡಿದರು. ಟವೆಲು ಬಂಡೆಗೆ ಹೋಯಿತು, ಎರಡನೆಯದು ಹೋಯಿತು, ಮೂರನೆಯದು ಜಾರಿತು. ಯಾರೋ ಹೆಂಗಸು 'ಅಯ್ಯೋ' ಎಂದಳು. ತೆಪ್ಪದ ಮರೆಯಿಂದ ತಾಯಿ ಎದ್ದ ಮಾತು ಬರುವವರೆಗೆ ಮಾಯಮ್ಮನ ಕೈ ಮಂಚದ ಚೌಕಟ್ಟನ್ನು ಹಿಡಿದೇ ಇತ್ತು.

ಮುಯ್ಯಿಯೂ ಮುಗಿದು ಪರದೆಯಲ್ಲಿ ಬರೀ ಗೆರೆ ಓಡತೊಡಗಿದಾಗ ಅವಳು ಹೇಳಿದಳು: "ಇನ್ನೊಂದ್ಸಲ ಆಕಪ್ಪ."

"ತಾಳಿ ಕಟ್ಟಿದ್ದಾ ಅಜ್ಜಿ?" ಎಂದ ಮುಖ್ತಾರ್.

"ಅದ ಕಂಡಾಯ್ತಲ್ಲ. ಆ ಮರಿ ತಾಯ್ನ ಆಕು."

"ಅಜ್ಜಿ, ಅದ್ರಲ್ಲಿ ತಾಯಿ ಇಲ್ವಲ್ಲ. ಬರೀ ದ್ಯಾವಣ್ಣ ಅವ್ನೆ."

"ನಿಂಗೆ ಕಾಣ್ನಿಲ್ವಾ?" ಎಂದಳು ಮಾಯಮ್ಮ, ನಿಜವಾಗಿ ಅಚ್ಚರಿಪಟ್ಟು.

ಮುಖ್ತಾರ್ ಊಟ ಮುಗಿಸದೆ ಎದ್ದ. ಮಾರ್ಚ್ ಒಂದಕ್ಕೆ ಇನ್ನು ನಾಲ್ಕು ದಿನವಿತ್ತು. ಮರಳಿನ ಮೇಲೆ ಹೊರಳುವ ನೀರುನಾಯಿಗಳ ನಂತರ, ತಾವರೆ ಗೀವರೆ ಏನೂ ಇಲ್ಲದೆ, ದ್ಯಾವಯ್ಯನನ್ನು ಇಟ್ಟು ಬೆಂಗಳೂರಿಗೆ ತಾನೇ ತೆಗೆದುಕೊಂಡು ಹೋದ. ಮೇಡಂ ನೋಡಿದರು, ಹಿಂದಕ್ಕೆ ಸುತ್ತಿ ಮತ್ತೆ ನೋಡಿದರು. ಏಪ್ರಿಲಿನ ಒಂದು ಭಾನುವಾರ ಹನ್ನೆರಡು ನಿಮಿಷವೂ ಬಂತು, ಕೊನೆಯಲ್ಲಿ ಅವನ ಹೆಸರೂ ಬಂತು. ಹೆಸರು ಬರುವ ಹೊತ್ತಿಗೆ ಅವನ ಬೀದಿಯಲ್ಲಿ ಕರೆಂಟು ಹೋಗಿತ್ತು. ಶಿವಣ್ಣನ ಊರಿನಲ್ಲಿ ಇತ್ತಂತೆ.

ತೊಂದರೆಯಾದದ್ದು ದ್ಯಾವಯ್ಯನಿಗೆ. ಗುಟ್ಟು ಇಡೀ ರಾಜ್ಯಕ್ಕೆ ರಟ್ಟಾಗಿತ್ತು. ಮಾರನೆಯ ಬೆಳಿಗ್ಗೆ ದಡದಲ್ಲಿ ಬಲೆ ಬಿಡಿಸುತ್ತಿದ್ದ ಮಂಚಯ್ಯ ಅವನನ್ನು ಕಂಡದ್ದೇ ತಡ, "ಏನ್ಲಾ ದ್ಯಾವ, ನೀರುನಾಯಿಗೆ ಬಾಣಂತನ ಮಾಡ್ದಂತೆ?" ಎಂದು ಕೂಗಿದ.

ದ್ಯಾವಯ್ಯ, ಜೊಂಡಿನ ಬಳಿ ಕ್ಯಾಮೆರಾ ಹಿಡಿದು ಕೂತಿದ್ದ ಮುಖ್ತಾರನ ಕಡೆ ಕೆಕ್ಕರಿಸಿ ನೋಡಿದ. ಹೊಸದಾಗಿ ಹರಿದಿದ್ದ ಬಲೆಯನ್ನು ಎತ್ತಿ ತೆಪ್ಪಕ್ಕೆ ಎಸೆದ.

"ಊಂ ಕಣ್ಲಾ, ಮಾಡ್ದೆ. ಉಡುಗೊರೆಗೆ ಬಲೆ ಅರ್ದವ್ಳೆ ನೋಡು," ಎಂದು ಹುಟ್ಟು ಹಾಕುತ್ತ, ಮರಿಗಳಿದ್ದ ದೊಡ್ಡ ಬಂಡೆಯನ್ನು ಬಿಟ್ಟು, ಸ್ವಲ್ಪ ದೂರದಿಂದ ಸುತ್ತಿಕೊಂಡು ಹೋದ.